ಕುಟುಕದ ಕಣಜಗಳು



ಕಾಳು ತುಂಬಿಡುವ ಉಗ್ರಾಣಕ್ಕೂ, ಮನೆಯ ಸೂರಿಗೆ ಗೂಡು ಕಟ್ಟಿ ಕುಟುಕುವ ಹುಳುವಿಗೂ ಕನ್ನಡದಲ್ಲಿ ಕಣಜ ಎಂಬ ಒಂದೇ ಹೆಸರಿದೆ. ಎರಡು ಪದಗಳ ಮೂಲ ಬೇರೆಬೇರೆ ಇದ್ದೀತು. ಅದನ್ನು ನಿಘಂಟುಕಾರರಿಗೆ ಬಿಡೋಣ. ಆದರೆ ರೈತನ ಕಾಳಿನ ಕಣಜ ತುಂಬುವುದರಲ್ಲಿ ಹುಳುವಿನ ಕಣಜಕ್ಕೂ ಒಂದು ಪಾಲಿದೆ ಎಂಬುದನ್ನು ಕೀಟವಿಜ್ಞಾನ ಚೆನ್ನಾಗಿ ತೋರಿಸಿಕೊಟ್ಟಿದೆ. ಆ ಪಾಲನ್ನು ಸಲ್ಲಿಸುವ ಕಣಜಗಳು ಯಾರ ಕಣ್ಣಿಗೂ ಬೀಳುವುದಿಲ್ಲ. ಅವುಗಳಲ್ಲಿ ಬಹುಪಾಲು ರಾಗಿಕಾಳಿಗಿಂತ ಸಣ್ಣವು. ಅವು ಮನುಷ್ಯನನ್ನು ಕುಟುಕುವುದೂ ಇಲ್ಲ.

ಕಣಜದ ಕೊಂಡಿಯೆಂಬುದು ಮೂಲದಲ್ಲಿ ಮೊಟ್ಟೆಯಿಡುವ ಸೂಜಿ. ಗೂಡು ಕಟ್ಟಿ ಗುಂಪಾಗಿ ಬಾಳುವ ದೊಡ್ಡ ಕಣಜಗಳಲ್ಲಿ ಅದು ಕಾಲಕ್ರಮದಲ್ಲಿ ಆಯುಧವಾಯಿತು. ಈ ಸಣ್ಣ ಕಣಜಗಳಲ್ಲಿ ಅದು ಇಂದಿಗೂ ಹೆಣ್ಣು ಹುಳುವಿನ ಮೊಟ್ಟೆಯಿಡುವ ಸಾಧನವೇ. ವ್ಯತ್ಯಾಸವೆಂದರೆ ಮೊಟ್ಟೆಯನ್ನಿಡುವುದು ಎಲೆಯ ಮೇಲಲ್ಲ, ಮತ್ತೊಂದು ಕೀಟದ ದೇಹದೊಳಗೆ ಅಥವಾ ದೇಹದ ಮೇಲೆ. ಕೆಲವು ಜಾತಿಗಳಂತೂ ಮತ್ತೊಂದು ಕೀಟದ ಮೊಟ್ಟೆಯೊಳಗೇ ತಮ್ಮ ಮೊಟ್ಟೆಯನ್ನಿಡುತ್ತವೆ. ಮೊಟ್ಟೆಯೊಡೆದು ಬಂದ ಮರಿ ಆಶ್ರಯದಾತನನ್ನು ಒಳಗಿನಿಂದ ತಿನ್ನುತ್ತದೆ. ಜೀವಕ್ಕೆ ಅತ್ಯಗತ್ಯವಾದ ಅಂಗಗಳನ್ನು ಕೊನೆಗೆ ಉಳಿಸಿಕೊಂಡು, ತನ್ನ ಬೆಳವಣಿಗೆ ಮುಗಿಯುವವರೆಗೂ ಅದನ್ನು ಬದುಕಿಸಿಕೊಂಡೇ ಇರುತ್ತದೆ. ಆನಂತರ ಆ ಕೀಟ ಸಾಯುತ್ತದೆ. ಹುಲಿ ಜಿಂಕೆಯನ್ನು ಹಿಡಿದಂತೆ ಇದು ಬೇಟೆಯಲ್ಲ. ಹೇನು ತಲೆಯಲ್ಲಿ ಬಾಳಿದಂತೆ ಬರಿಯ ಪರಾವಲಂಬನೆಯೂ ಅಲ್ಲ, ಏಕೆಂದರೆ ಹೇನು ತನಗೆ ಆಶ್ರಯ ಕೊಟ್ಟವನನ್ನು ಕೊಲ್ಲುವುದಿಲ್ಲ. ಕೃಷಿ ವಿಶ್ವವಿದ್ಯಾಲಯಗಳ ಕನ್ನಡ ಪುಸ್ತಿಕೆಗಳು ಇಂಥ ಕೀಟವನ್ನು ಪರತಂತ್ರಜೀವಿ ಎಂದು ಕರೆಯುತ್ತವೆ.

ಈ ವ್ಯಾಪಾರ ನಮ್ಮ ಹಿರಿಯರ ಕಣ್ಣಿಗೆ ಬೀಳದೆ ಇರಲಿಲ್ಲ. ವೇದಾಂತದ ಪಾಠಗಳಲ್ಲಿ ಬರುವ ಭ್ರಮರಕೀಟ ನ್ಯಾಯವನ್ನು ಮಲೆನಾಡಿನ ಹಿರಿಯರು ಬಲ್ಲರು. ಗೋಡೆಯ ಮೂಲೆಯಲ್ಲಿ ಮಣ್ಣಿನ ಗೂಡು ಕಟ್ಟುವ ಹುಳು ಎಲ್ಲಿಂದಲೋ ಒಂದು ಕಂಬಳಿಹುಳುವನ್ನು ಹೊತ್ತು ತರುತ್ತದೆ, ಗೂಡಿನೊಳಗಿಟ್ಟು ಸುತ್ತಲೂ ಝೇಂಕರಿಸುತ್ತದೆ. ಒಳಗಿನ ಹುಳು ಭಯದಿಂದ ಆ ಭ್ರಮರವನ್ನೇ ಧ್ಯಾನಿಸುತ್ತ ಧ್ಯಾನಿಸುತ್ತ ಕೊನೆಗೆ ತಾನೂ ಭ್ರಮರವೇ ಆಗಿ ಹೊರಬರುತ್ತದೆ ಎಂಬುದು ಆ ದೃಷ್ಟಾಂತ. ಗುರುವನ್ನು ಧ್ಯಾನಿಸಿದ ಶಿಷ್ಯ ಗುರುವೇ ಆಗುತ್ತಾನೆ ಎಂಬುದಕ್ಕೆ ಅದನ್ನು ಬಳಸುವುದುಂಟು. ನೋಡಿದ್ದು ಸರಿಯಾಗಿಯೇ ಇತ್ತು: ಹುಳು ಒಳಗೆ ಹೋದದ್ದು ನಿಜ, ಕಣಜ ಹೊರಬಂದದ್ದೂ ನಿಜ. ನಡುವೆ ಮಣ್ಣಿನ ಗೋಡೆಯ ಹಿಂದೆ ನಡೆದದ್ದು ಮಾತ್ರ ಧ್ಯಾನವಲ್ಲ, ಊಟ. ತಾಯಿ ಕಣಜ ಕೊಂಡಿಯಿಂದ ಚುಚ್ಚಿ ಕಂಬಳಿಹುಳುವನ್ನು ನಿಶ್ಚೇಷ್ಟಗೊಳಿಸಿ ಮರಿಗೆ ಬುತ್ತಿಯಾಗಿ ಇಟ್ಟುಹೋಗಿರುತ್ತದೆ. ಮಣ್ಣಿನ ಗೂಡಿನ ಈ ಕಣಜ ಬೇಟೆಗಾರರ ಸಾಲಿಗೆ ಸೇರಿದ್ದು. ಇಲ್ಲಿ ಹೇಳಹೊರಟಿರುವ ಸಣ್ಣ ಕಣಜಗಳು ಗೂಡನ್ನೂ ಕಟ್ಟುವುದಿಲ್ಲ, ಅವಕ್ಕೆ ಆ ಹುಳುವಿನ ಮೈಯೇ ಗೂಡು. ಚಾರ್ಲ್ಸ್ ಡಾರ್ವಿನ್ 1860ರಲ್ಲಿ ಅಮೆರಿಕದ ಸಸ್ಯವಿಜ್ಞಾನಿ ಏಸಾ ಗ್ರೇಗೆ ಬರೆದ ಪತ್ರದಲ್ಲಿ ಇಂಥದೇ ಕಣಜಗಳನ್ನು ನೆನೆದು, ದಯಾಮಯನಾದ ದೇವರು ಇವನ್ನು ಹೇಗೆ ಸೃಷ್ಟಿಸಿಯಾನು ಎಂದು ಸಂಕಟಪಟ್ಟಿದ್ದ. ರೈತನಿಗೆ ಆ ಸಂಕಟ ಅಷ್ಟಾಗಿ ಕಾಡಬೇಕಿಲ್ಲ.

ಇನ್ನು ದಕ್ಷಿಣ ಬೆಂಗಳೂರಿನ ಮಾತು. ಗುಡ್ಡಗಾಡಿನ ಜನರೆದುರು ಜಯನಗರದ, ಬನಶಂಕರಿಯ ಮಾತೇಕೆ ಎಂದು ಯಾರಿಗಾದರೂ ಅನ್ನಿಸಬಹುದು. ಮಲೆನಾಡಿನ ಎಷ್ಟೋ ಮನೆಗಳ ಮಕ್ಕಳು ಓದಿಗೆಂದು, ಕೆಲಸಕ್ಕೆಂದು ಈಗ ಇರುವುದು ಅಲ್ಲಿಯೇ. ಅವರ ಜೊತೆಗೆ ಊರಿನ ಕರಿಬೇವಿನ ಸಸಿ, ದಾಸವಾಳದ ಕಡ್ಡಿ, ಪರಂಗಿಯ ಬೀಜವೂ ಹೋಗಿವೆ. 1948ರಲ್ಲಿ ಅಸ್ತಿಭಾರ ಹಾಕಿದ ಜಯನಗರದ ಹಳೆಯ ಮನೆಗಳಿಗೆ ಇನ್ನೂ ಅಂಗಳ, ಹಿತ್ತಿಲು ಉಳಿದಿವೆ. ಜೆ.ಪಿ. ನಗರದ, ಬನಶಂಕರಿಯ ತಾರಸಿಗಳಲ್ಲಿ ಕುಂಡಗಳ ಸಾಲಿದೆ. ಬಿ.ಟಿ.ಎಂ. ಬಡಾವಣೆಯ ಮೂರಕ್ಷರದಲ್ಲಿ ಬೈರಸಂದ್ರ, ತಾವರೆಕೆರೆ, ಮಡಿವಾಳ ಎಂಬ ಮೂರು ಹಳ್ಳಿಗಳೇ ಅಡಗಿವೆ. ಅಲ್ಲಿಂದ ಲಾಲ್‌ಬಾಗ್ ದೂರವಲ್ಲ. 1760ರಲ್ಲಿ ಹೈದರಾಲಿ ಆರಂಭಿಸಿದ ಆ ತೋಟಕ್ಕೆ ದೇಶವಿದೇಶಗಳ ಗಿಡಗಳು ಬಂದು ಸೇರಿದವು. ಗಿಡ ಬಂದ ದಾರಿಯಲ್ಲಿ ಹುಳುವೂ ಬರುತ್ತದೆ ಎಂಬುದು ಸಸ್ಯಸಂಗ್ರಹದ ಹಳೆಯ ಅನುಭವ. ನಗರದ ಹಿತ್ತಿಲೆಂದರೆ ಕೀಟಶಾಸ್ತ್ರದ ಒಂದು ಪುಟ್ಟ ಶಾಲೆಯೇ ಸರಿ.

ಆ ಶಾಲೆಯ ಮೊದಲ ಪಾಠ ಕರಿಬೇವಿನ ಗಿಡದಲ್ಲಿದೆ. ಕರಿಬೇವು, ನಿಂಬೆಯ ಎಲೆಗಳ ಮೇಲೆ ಹಕ್ಕಿಯ ಹಿಕ್ಕೆಯಂತೆ ಕಾಣುವ ಸಣ್ಣ ಹುಳುಗಳು ಬೆಳೆದು ಹಸಿರು ಬಣ್ಣಕ್ಕೆ ತಿರುಗುವುದನ್ನು ಎಲ್ಲರೂ ಕಂಡಿದ್ದಾರೆ. ಅವು ನಿಂಬೆ ಚಿಟ್ಟೆಯ ಮರಿಗಳು. ಕೆಲವೊಮ್ಮೆ ಇಂಥ ಹುಳುವಿನ ಮೈಯ ಸುತ್ತ ಬಿಳಿಯ ಚಿಕ್ಕಚಿಕ್ಕ ರೇಷ್ಮೆಗೂಡುಗಳು ಅಂಟಿಕೊಂಡಿರುತ್ತವೆ. ಹುಳು ಮೊಟ್ಟೆಯಿಟ್ಟಿದೆ ಎಂದುಕೊಂಡು ಜನ ಅದನ್ನು ಹೊಸಕಿ ಹಾಕುತ್ತಾರೆ. ಆದರೆ ಕಂಬಳಿಹುಳು ಮೊಟ್ಟೆಯಿಡುವುದಿಲ್ಲ; ಮೊಟ್ಟೆಯಿಡುವುದು ಚಿಟ್ಟೆ. ಆ ಬಿಳಿ ಗೂಡುಗಳು ಕಣಜದ ಮರಿಗಳವು: ಒಳಗೆ ಬೆಳೆದು, ಚರ್ಮ ಕೊರೆದು ಹೊರಬಂದು, ಕೋಶ ನೇಯ್ದುಕೊಂಡಿವೆ. ಈ ಗುಂಪಿನ ತಾಯಿ ಕಣಜ ಮೊಟ್ಟೆಯ ಜೊತೆಗೆ ಒಂದು ಬಗೆಯ ವೈರಸ್ಸನ್ನೂ ಹುಳುವಿನ ದೇಹಕ್ಕೆ ಸೇರಿಸುತ್ತದೆ. ಅದು ಹುಳುವಿನ ರೋಗನಿರೋಧಕ ಶಕ್ತಿಯನ್ನು ಕುಂದಿಸುವುದರಿಂದ ಒಳಗಿನ ಮೊಟ್ಟೆ ಸುರಕ್ಷಿತವಾಗಿ ಉಳಿಯುತ್ತದೆ. ಸೂಜಿಮೊನೆಯಷ್ಟು ಜಾಗದಲ್ಲಿ ಇಷ್ಟೆಲ್ಲ ಏರ್ಪಾಡು ನಡೆಯುತ್ತದೆ. ಹೊಸಕಿದ ಕೈಗೆ ಅದು ತಿಳಿಯುವುದಾದರೂ ಹೇಗೆ?

ಎರಡನೆಯ ಪಾಠ ಪರಂಗಿಯದು. ದೇಶದ ಜೈವಿಕ ನಿಯಂತ್ರಣದ ಇತಿಹಾಸದಲ್ಲಿ ಇದು ದೊಡ್ಡ ಅಧ್ಯಾಯವಾದ್ದರಿಂದ ಸ್ವಲ್ಪ ವಿಸ್ತಾರವಾಗಿಯೇ ಹೇಳಬೇಕು.

ಹಿಟ್ಟುತಿಗಣೆಯನ್ನು ಕಾಣದ ಮನೆಯಿಲ್ಲ. ದಾಸವಾಳದ ಚಿಗುರಿನಲ್ಲಿ, ಪರಂಗಿಯ ಎಲೆಯಡಿಯಲ್ಲಿ ಅಕ್ಕಿಹಿಟ್ಟು ಚೆಲ್ಲಿದಂತೆ ಬೆಳ್ಳಗೆ ಗುಂಪುಗೂಡುವ ರಸಹೀರುವ ಕೀಟವದು. ಇದರಲ್ಲಿ ಹಲವು ಜಾತಿಗಳಿವೆ, ಕೆಲವು ಇಲ್ಲಿಯವೇ. ಪರಂಗಿಯ ಹಿಟ್ಟುತಿಗಣೆ ಮಾತ್ರ ಹೊರಗಿನಿಂದ ಬಂದದ್ದು. ಅದರ ತವರು ಮೆಕ್ಸಿಕೋ ಮತ್ತು ಮಧ್ಯ ಅಮೆರಿಕ. 1992ರಲ್ಲಷ್ಟೇ ವಿಜ್ಞಾನಿಗಳು ಅದಕ್ಕೊಂದು ಹೆಸರಿಟ್ಟಿದ್ದರು. ಆ ದಶಕದಲ್ಲಿ ಕೆರಿಬಿಯನ್ ದ್ವೀಪಗಳಿಗೆ, ಫ್ಲೋರಿಡಾಕ್ಕೆ ಹಬ್ಬಿ, ಬಳಿಕ ಪೆಸಿಫಿಕ್ ದ್ವೀಪಗಳನ್ನು ತಲುಪಿ, 2008ರಲ್ಲಿ ಕೊಯಮತ್ತೂರಿನಲ್ಲಿ ಕಾಣಿಸಿಕೊಂಡಿತು. ತವರಿನಲ್ಲಿ ಅದು ದೊಡ್ಡ ಪೀಡೆಯೇನೂ ಆಗಿರಲಿಲ್ಲ. ಅಲ್ಲಿ ಅದನ್ನು ತಿಂದು ಹದ್ದಿನಲ್ಲಿಡುವ ಶತ್ರುಗಳಿದ್ದವು. ಇಲ್ಲಿಗೆ ಬರುವಾಗ ಶತ್ರುಗಳನ್ನು ಅಲ್ಲಿಯೇ ಬಿಟ್ಟು ಬಂದಿತ್ತು.

ಎರಡು ವರ್ಷಗಳಲ್ಲಿ ತಮಿಳುನಾಡು, ಕೇರಳ, ಕರ್ನಾಟಕ, ಮಹಾರಾಷ್ಟ್ರಗಳಿಗೆ ಅದು ಹಬ್ಬಿತು. ಪರಂಗಿಯ ತೋಟಗಳನ್ನು ರೈತರು ಕಡಿದು ಹಾಕಬೇಕಾಯಿತು. ಮರಗೆಣಸು, ದಾಸವಾಳ, ಖಾಲಿ ನಿವೇಶನಗಳಲ್ಲಿ ಬೆಳೆಯುವ ಪಾರ್ಥೇನಿಯಂ, ಹೀಗೆ ಅದು ಆತುಕೊಳ್ಳದ ಗಿಡವೇ ಅಪರೂಪ. ಎಲ್ಲಕ್ಕಿಂತ ಕಷ್ಟವಾದದ್ದು ಹಿಪ್ಪುನೇರಳೆಗೆ. ಬನಶಂಕರಿಯಿಂದ ದಕ್ಷಿಣಕ್ಕೆ ಹೊರಡುವ ಕನಕಪುರ ರಸ್ತೆಯಲ್ಲಿ ಸಾಗಿದರೆ ರೇಷ್ಮೆಯ ಸೀಮೆ ತೆರೆದುಕೊಳ್ಳುತ್ತದೆ. ಹಿಪ್ಪುನೇರಳೆ ಸೊಪ್ಪಿನ ಮೇಲೆ ಎಷ್ಟು ಸಂಸಾರಗಳು ನಿಂತಿವೆ ಎಂಬುದು ಅಲ್ಲಿ ಕಣ್ಣಿಗೇ ಕಾಣುತ್ತದೆ. ಆ ಸೊಪ್ಪಿಗೆ ವಿಷ ಹೊಡೆದರೆ ತಿನ್ನುವ ರೇಷ್ಮೆಹುಳುವೂ ಸಾಯುತ್ತದೆ. ಹೊಡೆಯದಿದ್ದರೆ ಸೊಪ್ಪೇ ಇಲ್ಲ. ಹೊಡೆದವರಿಗೂ ಫಲ ಸಿಕ್ಕಲಿಲ್ಲ. ತಿಗಣೆಯ ಮೈಮೇಲಿನ ಮೇಣದ ಹೊದಿಕೆ ದ್ರಾವಣವನ್ನು ಒಳಗಿಳಿಯಗೊಡುವುದಿಲ್ಲ, ಮೊಟ್ಟೆಗಳು ಮೇಣದ ಚೀಲದಲ್ಲಿ ಭದ್ರವಾಗಿರುತ್ತವೆ. ಎಲೆಯ ಮೇಲೆ ಓಡಾಡುವ ಗುಲಗಂಜಿ ಹುಳು, ಜೇಡಗಳಷ್ಟೇ ಸತ್ತವು. ಮತ್ತೆ ಹೊಡೆಯುವುದು, ಮತ್ತೆ ಬರುವುದು. ಸಾಲದ ಬಾಬತ್ತು ಬೇರೆ.

ಇದಕ್ಕೆ ಉತ್ತರ ಹುಡುಕಿದ್ದು ಬೆಂಗಳೂರಿನ ಇನ್ನೊಂದು ಕೊನೆಯಲ್ಲಿ, ಹೆಬ್ಬಾಳದಲ್ಲಿ. ಕಾಮನ್‌ವೆಲ್ತ್ ಜೈವಿಕ ನಿಯಂತ್ರಣ ಸಂಸ್ಥೆಯ ಭಾರತೀಯ ಕೇಂದ್ರ 1957ರಲ್ಲಿ ಬೆಂಗಳೂರಿನಲ್ಲಿ ಆರಂಭವಾದಂದಿನಿಂದ ಈ ನಗರ ದೇಶದ ಜೈವಿಕ ನಿಯಂತ್ರಣದ ತವರಾಗಿದೆ. 1993ರಲ್ಲಿ ಜೈವಿಕ ನಿಯಂತ್ರಣ ಯೋಜನಾ ನಿರ್ದೇಶನಾಲಯವಾಗಿ ರೂಪುಗೊಂಡ ಸಂಸ್ಥೆ 2009ರಲ್ಲಿ ರಾಷ್ಟ್ರೀಯ ಬ್ಯೂರೋ ಆಯಿತು; ಈಗ ಅದು ರಾಷ್ಟ್ರೀಯ ಕೃಷಿ ಕೀಟ ಸಂಪನ್ಮೂಲ ಬ್ಯೂರೋ ಎಂಬ ಹೆಸರಿನಲ್ಲಿದೆ. ಅಮೆರಿಕದ ಕೃಷಿ ಇಲಾಖೆ ಕೆರಿಬಿಯನ್ ದ್ವೀಪಗಳಲ್ಲಿ ಈ ತಿಗಣೆಯ ಮೇಲೆ ಕಣಜಗಳನ್ನು ಬಿಟ್ಟು ಗೆದ್ದಿದ್ದ ಸಂಗತಿ ಇಲ್ಲಿನ ವಿಜ್ಞಾನಿಗಳಿಗೆ ಗೊತ್ತಿತ್ತು. 2010ರ ಜುಲೈಯಲ್ಲಿ ಪೋರ್ಟೊ ರಿಕೊದಿಂದ ಮೂರು ಜಾತಿಯ ಕಣಜಗಳು ಹೆಬ್ಬಾಳಕ್ಕೆ ಬಂದವು. ಅವುಗಳಲ್ಲಿ ಅಸೆರೋಫೇಗಸ್ ಪಪಾಯೆ ಎಂಬುದು ಎಲ್ಲಕ್ಕಿಂತ ಸಮರ್ಥವೆನಿಸಿತು. ಅದರ ಉದ್ದ ಒಂದು ಮಿಲಿಮೀಟರಿಗೂ ಕಡಿಮೆ.

ಬಂದ ಕಣಜವನ್ನು ಬಂದ ದಿನವೇ ಬಯಲಿಗೆ ಬಿಡುವಂತಿಲ್ಲ. ಹೊರದೇಶದ ಜೀವಿಯೊಂದನ್ನು ಒಮ್ಮೆ ಬಿಟ್ಟರೆ ವಾಪಸು ಕರೆಯುವ ಮಾರ್ಗವಿಲ್ಲ. ಆದ್ದರಿಂದ ಮೊದಲು ಕ್ವಾರಂಟೈನ್ ಪ್ರಯೋಗಾಲಯದಲ್ಲಿ ಬಂಧನ. ಅದು ಬೇರಾವುದನ್ನಾದರೂ ಮುಟ್ಟುತ್ತದೆಯೇ, ಅದರ ಜೊತೆಗೆ ಅದನ್ನೇ ತಿನ್ನುವ ಇನ್ನೊಂದು ಕಣಜ ನುಸುಳಿ ಬಂದಿದೆಯೇ ಎಂಬ ಪರೀಕ್ಷೆ. ಹೌದು, ಪರತಂತ್ರಜೀವಿಗೂ ಪರತಂತ್ರಜೀವಿಗಳಿವೆ. ಕಳ್ಳನ ಮನೆಗೆ ನುಗ್ಗುವ ಕಳ್ಳರು. ಪರೀಕ್ಷೆ ಮುಗಿದ ಬಳಿಕ ಸಾಕುವ ಕೆಲಸ. ಇದಕ್ಕೆ ಬೇಕಾದದ್ದು ದೊಡ್ಡ ಯಂತ್ರಗಳಲ್ಲ, ಮೊಳಕೆ ಬಂದ ಆಲೂಗಡ್ಡೆ. ಮೊಳಕೆಯ ಮೇಲೆ ಹಿಟ್ಟುತಿಗಣೆಯನ್ನು ಬೆಳೆಸಿ, ತಿಗಣೆಯ ಮೇಲೆ ಕಣಜವನ್ನು ಬೆಳೆಸುವುದು. ತಾಯಿ ಕಣಜ ಎಳೆಯ ತಿಗಣೆಯೊಳಗೆ ಮೊಟ್ಟೆಯಿಡುತ್ತದೆ. ಎರಡು ವಾರದ ಆಸುಪಾಸಿನಲ್ಲಿ ತಿಗಣೆ ಉಬ್ಬಿ, ಬಣ್ಣಗೆಟ್ಟು, ಒಣಗಿದ ಸಿಪ್ಪೆಯಾಗುತ್ತದೆ. ಸಿಪ್ಪೆಯಲ್ಲಿ ದುಂಡನೆಯ ತೂತು ಕೊರೆದು ಹೊಸ ಕಣಜ ಹೊರಬೀಳುತ್ತದೆ.

2010ರ ಅಕ್ಟೋಬರಿನಲ್ಲಿ ತಮಿಳುನಾಡಿನಲ್ಲಿ ಬಿಡುಗಡೆ ಆರಂಭವಾಯಿತು. ಕೃಷಿ ವಿಶ್ವವಿದ್ಯಾಲಯಗಳು, ಕೃಷಿ ವಿಜ್ಞಾನ ಕೇಂದ್ರಗಳು, ರೇಷ್ಮೆ ಸಂಸ್ಥೆಗಳು ಕಣಜವನ್ನು ಸಾಕಿ ರೈತರಿಗೆ ಹಂಚಿದವು. ಒಂದೆರಡು ವರ್ಷಗಳಲ್ಲಿ ತಿಗಣೆಯ ಹಾವಳಿ ದಕ್ಷಿಣ ಭಾರತದಲ್ಲಿ ಇಳಿದುಹೋಯಿತು. ಈ ಒಂದು ಕಣಜದಿಂದ ಐದು ವರ್ಷಗಳಲ್ಲಿ ಆದ ಲಾಭ 50 ಕೋಟಿ ಡಾಲರಿಗೂ ಮಿಕ್ಕಿದ್ದೆಂದು 2014ರಲ್ಲಿ ಪ್ರಕಟವಾದ ಆರ್ಥಿಕ ಅಧ್ಯಯನವೊಂದು ಲೆಕ್ಕ ಹಾಕಿದೆ. ರೈತ ಕಣಜಕ್ಕಾಗಿ ಒಂದು ಬಾರಿಯ ಸಿಂಪಡಣೆಯಷ್ಟೂ ಖರ್ಚು ಮಾಡಬೇಕಾಗಿ ಬರಲಿಲ್ಲ. ಅದೇ ದಾರಿಯಲ್ಲಿ, 2020ರಲ್ಲಿ ತ್ರಿಶೂರಿನಲ್ಲಿ ಪತ್ತೆಯಾದ ಮರಗೆಣಸಿನ ಹಿಟ್ಟುತಿಗಣೆಗೆ ಆಫ್ರಿಕದ ಬೆನಿನ್ ದೇಶದಿಂದ ಅನಗೈರಸ್ ಲೋಪೆಜಿ ಎಂಬ ಕಣಜವನ್ನು ತರಿಸಿ, ಹೆಬ್ಬಾಳದ ಸಂಸ್ಥೆ 2022ರಲ್ಲಿ ತಮಿಳುನಾಡಿನಲ್ಲಿ ಬಿಡುಗಡೆ ಮಾಡಿತು.

ಪರಂಗಿಯ ಹಿಟ್ಟುತಿಗಣೆ ಇಂದೂ ಇದೆ. ಇರಬೇಕು ಕೂಡ, ಅದು ಪೂರ್ತಿ ಅಳಿದರೆ ಕಣಜಕ್ಕೆ ಮನೆಯಿಲ್ಲ. ನಾಲ್ಕು ತಿಗಣೆ ಕಂಡರೆ ಕೈ ಕಾಲು ಆಡದಂತಾಗುವ ನಗರದ ತೋಟಪ್ರಿಯರಿಗೆ ಇದನ್ನು ಒಪ್ಪಿಸುವುದು ಕಷ್ಟ. ಅಂಗಡಿಯಲ್ಲಿ ಕೈಪಂಪಿನ ಬಾಟಲಿಯಲ್ಲೇ ಕೀಟನಾಶಕ ಸಿಗುತ್ತದೆ. ಒಂದು ಗಿಡಕ್ಕೆ ತಂದದ್ದು ಹತ್ತು ಗಿಡಕ್ಕೆ ಬೀಳುತ್ತದೆ. ಸೊಳ್ಳೆಗೆಂದು ಬೀದಿಯಲ್ಲಿ ಬಿಡುವ ಹೊಗೆಯೂ ಇದು ಸೊಳ್ಳೆ, ಇದು ಕಣಜ ಎಂದು ಆರಿಸುವುದಿಲ್ಲ. ಮೇಣ ಹೊದ್ದ ತಿಗಣೆ ಬದುಕಿಕೊಳ್ಳುತ್ತದೆ, ಹೊದಿಕೆಯಿಲ್ಲದ ಕಣಜ ಸಾಯುತ್ತದೆ. ಹದಿನೈದು ದಿನಗಳಲ್ಲಿ ತಿಗಣೆ ಮೊದಲಿಗಿಂತ ಹೆಚ್ಚಾಗಿ ಬಂದಾಗ ಔಷಧ ಸಾಲಲಿಲ್ಲವೆಂದು ತೋರುತ್ತದೆಯೇ ಹೊರತು, ಔಷಧದಿಂದಲೇ ಹೆಚ್ಚಿತೆಂದು ಹೊಳೆಯುವುದಿಲ್ಲ.

ಕುಂಡದಲ್ಲಿ ಆಗುವುದು ದೇಶದ ಮಟ್ಟದಲ್ಲಿಯೂ ಆಗಿದೆ. ಇಂಡೋನೇಷ್ಯದಲ್ಲಿ 1970ರ ದಶಕದಿಂದ ಭತ್ತದ ಕಂದು ಜಿಗಿಹುಳು ಮತ್ತೆ ಮತ್ತೆ ಬಂದು ಗದ್ದೆಗಳನ್ನು ಸುಟ್ಟಂತೆ ಮಾಡಿತು. ಸರಕಾರವೇ ಸಹಾಯಧನ ಕೊಟ್ಟು ಹೊಡೆಸುತ್ತಿದ್ದ ಕೀಟನಾಶಕಗಳು ಜೇಡಗಳನ್ನೂ ಇತರ ಶತ್ರುಕೀಟಗಳನ್ನೂ ಕೊಂದು ಜಿಗಿಹುಳುವಿಗೆ ದಾರಿ ಮಾಡಿಕೊಟ್ಟಿದ್ದವು. 1986ರಲ್ಲಿ ಅಲ್ಲಿನ ಅಧ್ಯಕ್ಷರು ಭತ್ತದ ಮೇಲೆ 57 ಕೀಟನಾಶಕಗಳ ಬಳಕೆಯನ್ನು ನಿಷೇಧಿಸಿದರು. ಭತ್ತದ ಇಳುವರಿ ಅದರಿಂದ ಕುಸಿಯಲಿಲ್ಲ.

ಅಷ್ಟು ದೂರ ಹೋಗುವುದೇಕೆ, ಕನ್ನಡದ ಗಡಿಯಲ್ಲಿಯೇ ಕಾಸರಗೋಡಿದೆ. ಅಲ್ಲಿನ ಗೇರುತೋಟಗಳ ಮೇಲೆ ಟೀ ಸೊಳ್ಳೆಯ ನೆಪದಲ್ಲಿ ಎರಡು ದಶಕಕ್ಕೂ ಹೆಚ್ಚು ಕಾಲ, 2000ದವರೆಗೆ, ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಸುರಿಯಲಾಯಿತು. ಪಡ್ರೆಯ ಮಕ್ಕಳು, ನಮ್ಮ ಕೊಕ್ಕಡದ ಕಡೆಯ ಮನೆಗಳು ಅದಕ್ಕೆ ತೆತ್ತ ಬೆಲೆ ಈ ಪತ್ರಿಕೆಯ ಓದುಗರಿಗೆ ಹೊಸದಲ್ಲ. ಸುಪ್ರೀಂ ಕೋರ್ಟು 2011ರಲ್ಲಿ ದೇಶಾದ್ಯಂತ ಅದನ್ನು ತಡೆಯಿತು. ಟೀ ಸೊಳ್ಳೆಯ ಮೊಟ್ಟೆಯೊಳಗೆ ಮೊಟ್ಟೆಯಿಡುವ ಟೆಲಿನೋಮಸ್ ಕುಲದ ಕಣಜಗಳು ಕರಾವಳಿಯ ಗೇರುತೋಟಗಳಲ್ಲಿವೆ. ಆಕಾಶದಿಂದ ಬಿದ್ದ ಹನಿ ಅವನ್ನು ಬಿಟ್ಟಿರಲಾರದು. ಮನುಷ್ಯರ ಗೋಳಿನೆದುರು ಕಣಜದ ಸಾವು ಲೆಕ್ಕಕ್ಕೆ ಬಾರದು, ನಿಜ. ಆದರೆ ಎರಡೂ ಒಂದೇ ಸಿಂಪಡಣೆಯ ಫಲ. ಈಗ ಹೆಲಿಕಾಪ್ಟರಿನ ಬದಲು ಡ್ರೋನ್ ಬರುತ್ತಿದೆ. ಯಂತ್ರ ಸಣ್ಣದಾಯಿತೆಂದ ಮಾತ್ರಕ್ಕೆ ಅದರ ತೊಟ್ಟಿಯೊಳಗೆ ಏನಿದೆ ಎಂದು ಕೇಳುವ ಅಗತ್ಯ ಸಣ್ಣದಾಗುವುದಿಲ್ಲ.

ಒಂದು ತಪ್ಪುಕಲ್ಪನೆಯನ್ನು ಇಲ್ಲಿಯೇ ಬಗೆಹರಿಸಬೇಕು. ಅಡಿಕೆಯ ಕೊಳೆರೋಗಕ್ಕೆ ಹೊಡೆಯುವ ಬೋರ್ಡೋ ದ್ರಾವಣ ಶಿಲೀಂಧ್ರಕ್ಕೆ ಔಷಧ, ಕೀಟಕ್ಕಲ್ಲ. ಮೈಸೂರು ಸಂಸ್ಥಾನದ ಕೃಷಿ ವಿಜ್ಞಾನಿ ಲೆಸ್ಲಿ ಕೋಲ್ಮನ್ ಕಳೆದ ಶತಮಾನದ ಆರಂಭದಲ್ಲಿ ಕೊಳೆರೋಗವನ್ನು ಅಧ್ಯಯನ ಮಾಡಿ ತೋರಿಸಿಕೊಟ್ಟ ದಾರಿಯದು. ಅದನ್ನು ಬಿಡಬೇಕೆಂದು ಇಲ್ಲಿ ಯಾರೂ ಹೇಳುತ್ತಿಲ್ಲ. ತೋಟದಲ್ಲಿ ‘ಔಷಧಿ’ ಎಂಬ ಒಂದೇ ಮಾತಿನಡಿ ಎರಡನ್ನೂ ಸೇರಿಸುವುದರಿಂದ ಗೊಂದಲವಾಗುತ್ತದೆ.

ತೆಂಗಿನ ಮಾತಿಗೆ ಬಂದರೆ, 2016ರಲ್ಲಿ ಪೊಳ್ಳಾಚಿಯ ಕಡೆಯಲ್ಲಿ ಕಾಣಿಸಿಕೊಂಡ ರುಗೋಸ್ ಸುರುಳಿ ಬಿಳಿನೊಣ ಬೇಗನೆ ಕರಾವಳಿಗೂ ಬಯಲುಸೀಮೆಗೂ ಬಂತು. ಗರಿಯಡಿಯಲ್ಲಿ ಬಿಳಿ ಸುರುಳಿ, ಕೆಳಗಿನ ಗಿಡಗಳ ಮೇಲೆಲ್ಲ ಕಪ್ಪು ಬೂಷ್ಟು. ಗಾಬರಿಗೊಂಡವರಿಗೆ ಕಾಸರಗೋಡಿನ ಕೇಂದ್ರೀಯ ತೋಟದ ಬೆಳೆಗಳ ಸಂಶೋಧನಾ ಸಂಸ್ಥೆ ಕೊಟ್ಟ ಸಲಹೆ ವಿಚಿತ್ರವೆನಿಸಿತು: ಕೀಟನಾಶಕ ಹೊಡೆಯಬೇಡಿ. ಕಾರಣವಿತ್ತು. 1990ರ ದಶಕದಲ್ಲಿ ಬಂದಿದ್ದ, ಬೆಂಗಳೂರಿನ ಸೀಬೆಗಿಡಗಳನ್ನು ಬೆಳ್ಳಗೆ ಮಾಡಿದ್ದ ಹಳೆಯ ಸುರುಳಿ ಬಿಳಿನೊಣದ ಜೊತೆಗೆ ಎನ್‌ಕಾರ್ಸಿಯಾ ಗ್ವಾಡೆಲೂಪೆ ಎಂಬ ಕಣಜವೂ ದೇಶಕ್ಕೆ ಬಂದು ನೆಲೆಸಿತ್ತು. ಹೊಸ ನೊಣ ಬಂದಾಗ ಅದು ಅದರ ಮೇಲೂ ತಿರುಗಿತು. ತೋಟದಲ್ಲಿ ಮೊದಲೇ ಕಾವಲುಗಾರನಿದ್ದ. ಅವನನ್ನು ಕೊಲ್ಲದಿರುವುದಷ್ಟೇ ರೈತನ ಕೆಲಸವಾಗಿತ್ತು. ತೆಂಗಿನ ಕಪ್ಪುತಲೆ ಹುಳುವಿಗೆ ಬೇರೆಯೇ ಕಣಜವಿದೆ, ಗೋನಿಯೋಜಸ್. ಅದನ್ನು ತೋಟಗಾರಿಕೆ ಇಲಾಖೆಯ ಪ್ರಯೋಗಾಲಯಗಳಲ್ಲಿ ಸಾಕಿ ಹಂಚಲಾಗುತ್ತದೆ. ಈ ತಾಯಿ ಹುಳುವಿನ ಮೈಮೇಲೆ ಮೊಟ್ಟೆಯಿಟ್ಟು ಹಾರಿಹೋಗುವುದಿಲ್ಲ. ಮರಿಗಳು ದೊಡ್ಡವಾಗುವವರೆಗೆ ಪಕ್ಕದಲ್ಲೇ ಕಾವಲು ಕೂರುತ್ತದೆ, ಬೇರೆ ಕಣಜ ಬಂದರೆ ಹೊಡೆದಾಡಿ ಓಡಿಸುತ್ತದೆ.

ಎಲ್ಲ ಕಡೆ ಗೆಲುವೇ ಎಂದು ಹೇಳಿದರೆ ಸುಳ್ಳಾಗುತ್ತದೆ. ಕಾಫಿಯ ಕಾಯಿಕೊರಕ 1990ರಲ್ಲಿ ಗೂಡಲೂರಿನಲ್ಲಿ ಕಂಡುಬಂದು ಕೊಡಗಿಗೆ ಹಬ್ಬಿತು. ಅದರ ಮೇಲೆ ಮೆಕ್ಸಿಕೋದಿಂದ ಸೆಫಲೋನೋಮಿಯ ಎಂಬ ಕಣಜವನ್ನು ತಂದು ಬಿಡಲಾಯಿತು. ಕಣಜ ಕೆಲವೆಡೆ ನೆಲೆಗೊಂಡಿತು. ಕೊರಕ ಮಾತ್ರ ಹೋಗಲಿಲ್ಲ. ಕಾಯಿಯೊಳಗೇ ಬದುಕು ಕಳೆಯುವ ಜೀರುಂಡೆಯನ್ನು ಹುಡುಕಿ ಹಿಡಿಯುವುದು ಕಣಜಕ್ಕೂ ಸುಲಭವಲ್ಲ. ಗಿಡದಲ್ಲಿ ಉಳಿದ, ನೆಲಕ್ಕೆ ಬಿದ್ದ ಹಣ್ಣುಗಳನ್ನು ಹೆಕ್ಕಿ ತೆಗೆಯುವ ಕೈಗೆಲಸವೇ ಅಲ್ಲಿ ಇಂದಿಗೂ ಮುಖ್ಯ ಉಪಾಯ.

ಕಣಜಗಳೆಲ್ಲ ಮಿತ್ರರೆಂದೂ ತಿಳಿಯಬಾರದು. ಕಾಳುಮೆಣಸಿನ ಬಳ್ಳಿಗೆ ಆಸರೆಯಾದ ಹಾಲುವಾಣದ ಎಲೆ, ತೊಟ್ಟುಗಳು ಗಂಟುಗಂಟಾಗಿ ಊದಿಕೊಂಡು ಮರ ಸೊರಗಿದ್ದನ್ನು ಕಳೆದ ದಶಕಗಳಲ್ಲಿ ಅನೇಕರು ಕಂಡಿದ್ದಾರೆ. ಗಂಟು ಮಾಡುವುದೂ ಒಂದು ಸಣ್ಣ ಕಣಜವೇ. 2004ರಲ್ಲಿ ಹೆಸರಿಟ್ಟ ಆ ಜಾತಿ ಬಹುಬೇಗ ಕೇರಳಕ್ಕೂ ಬಂತು. 2001ರಲ್ಲಿ ಮಂಡ್ಯ ಜಿಲ್ಲೆಯ ನೀಲಗಿರಿ ನೆಡುತೋಪುಗಳಲ್ಲಿ ಕಂಡ ಗಂಟು ಕಣಜ ಇನ್ನೊಂದು. ನೀಲಗಿರಿ ನೆಡುವುದನ್ನು ವಿರೋಧಿಸಿ ಹೋರಾಡಿದವರಿಗೆ ಅದರ ಸುದ್ದಿ ತಿಳಿದು ದುಃಖವಾಗಿರಲಾರದು. ಅದನ್ನು ತಿನ್ನುವ ಒಂದು ಕಣಜ ಕರ್ನಾಟಕದಲ್ಲಿಯೇ ಸಿಕ್ಕಿ, 2010ರಲ್ಲಿ ಧಾರವಾಡದ ಹೆಸರನ್ನು ಪಡೆಯಿತು: ಮೆಗಾಸ್ಟಿಗ್ಮಸ್ ಧಾರವಾಡಿಕಸ್.

ಇವೆಲ್ಲವನ್ನು ಉಳಿಸಿಕೊಳ್ಳಲು ಮಾಡಬೇಕಾದ ಕೆಲಸ ಹೆಚ್ಚೇನಿಲ್ಲ. ದೊಡ್ಡ ಕಣಜದ ಆಹಾರ ಹುಳುವಲ್ಲ, ಮಕರಂದ. ಬಾಯಿ ಚಿಕ್ಕದಾದ್ದರಿಂದ ಅದಕ್ಕೆ ತೆರೆದ ಸಣ್ಣ ಹೂ ಬೇಕು. ಕೊತ್ತಂಬರಿ, ಸಬ್ಬಸಿಗೆಯ ಮಡಿಯಲ್ಲಿ ಒಂದು ಸಾಲನ್ನು ಕೀಳದೆ ಹೂವಿಗೆ ಬಿಟ್ಟರೆ ಸಾಕು. ಜಯನಗರದ ಕುಂಡದಲ್ಲಿಯೂ ಇದು ಸಾಧ್ಯ, ಸಿರಸಿಯ ಹಿತ್ತಿಲಿನಲ್ಲಿಯೂ ಸಾಧ್ಯ. ಇರುವೆಗಳ ವಿಷಯದಲ್ಲಿ ಎಚ್ಚರ ಬೇಕು: ತಿಗಣೆ ಸ್ರವಿಸುವ ಸಿಹಿರಸದ ಆಸೆಗೆ ಅವು ಅದನ್ನು ಕಾಯುತ್ತವೆ, ಮೊಟ್ಟೆಯಿಡಲು ಬಂದ ಕಣಜವನ್ನು ಓಡಿಸುತ್ತವೆ. ಕಾಂಡಕ್ಕೆ ಅಂಟಿನ ಪಟ್ಟಿ ಸುತ್ತಿ ಇರುವೆಯ ಸಾಲನ್ನು ತಡೆಯಬಹುದು. ಮಲೆನಾಡಿನ ಚಗಳಿಯ ಲೆಕ್ಕ ಬೇರೆ. ಅದೂ ತಿಗಣೆ ಸಾಕುವುದುಂಟು, ಆದರೆ ಎಷ್ಟೋ ಪೀಡೆಗಳನ್ನು ಅದೇ ತಿನ್ನುತ್ತದೆ. ಅದನ್ನು ಗಿಡ ನೋಡಿ ನಿರ್ಧರಿಸಬೇಕು. ಹಿಟ್ಟುತಿಗಣೆ ತೀರಾ ಹೆಚ್ಚಾದ ಚಿಗುರನ್ನು ಚಿವುಟಿ ತೆಗೆಯಬಹುದು, ನೀರನ್ನು ರಭಸದಿಂದ ಹಾಯಿಸಿ ಕೆಡವಬಹುದು. ಬೇವಿನ ಎಣ್ಣೆ ಕಡಿಮೆ ಹಾನಿಯದು, ಹಾನಿಯಿಲ್ಲದ್ದಲ್ಲ.

ಭತ್ತ ಬೆಳೆಯುವವರಿಗೆ ಹಳೆಯದೊಂದು ಉಪಾಯವಿದೆ. ಕಾಂಡಕೊರಕದ ಪತಂಗ ಎಲೆಯ ತುದಿಯ ಬಳಿ ಇಟ್ಟ, ಕಂದು ರೋಮ ಮುಚ್ಚಿದ ಮೊಟ್ಟೆಗುಂಪುಗಳನ್ನು ಕಿತ್ತು ಸುಡುವುದು ರೂಢಿ. ಸುಟ್ಟರೆ ಆ ಮೊಟ್ಟೆಗಳೊಳಗೆ ಆಗಲೇ ಸೇರಿಕೊಂಡಿರಬಹುದಾದ ಕಣಜಗಳೂ ಸುಡುತ್ತವೆ. ಬದಲಿಗೆ ಅವನ್ನು ಬಿದಿರಿನ ಬುಟ್ಟಿಯಂಥ ಪಂಜರದಲ್ಲಿಟ್ಟು ಗದ್ದೆಯ ನಡುವೆ ನಿಲ್ಲಿಸಬೇಕು. ಮೊಟ್ಟೆಯಿಂದ ಬಂದ ಕೊರಕದ ಮರಿ ಹೊರಹೋಗಲಾರದೆ ಸಾಯುತ್ತದೆ. ಕಣಜ ಸಂದಿಯಿಂದ ಹಾರಿ ಗದ್ದೆ ಸೇರುತ್ತದೆ.

ವಿದ್ಯಾರ್ಥಿಗಳಿಗೆ ಅದೇ ಪರೀಕ್ಷೆ ಬಾಟಲಿಯಲ್ಲಿದೆ. ದಾಸವಾಳದ ಅಥವಾ ಪರಂಗಿಯ ಎಲೆಯಲ್ಲಿ ಹಿಟ್ಟುತಿಗಣೆಯ ಗುಂಪು ಕಂಡರೆ, ಅದರಲ್ಲಿ ಬಣ್ಣ ಕಂದಿ ಉಬ್ಬಿ ಗಟ್ಟಿಯಾದವು ಇವೆಯೇ ಎಂದು ಭೂತಗನ್ನಡಿಯಲ್ಲಿ ನೋಡಬೇಕು. ಅಂಥ ಎಲೆಯ ತುಂಡನ್ನು ಒಣ ಬಾಟಲಿಗೆ ಹಾಕಿ, ಬಾಯಿಗೆ ನಯವಾದ ಬಟ್ಟೆ ಕಟ್ಟಿ, ನೆರಳಿನಲ್ಲಿಟ್ಟು ದಿನಾಂಕ ಬರೆಯಬೇಕು. ಮೂರು ವಾರದೊಳಗೆ ಗಾಜಿನ ಗೋಡೆಯ ಮೇಲೆ ಧೂಳಿನ ಕಣಗಳಂತೆ ನಡೆದಾಡುವ ಹುಳುಗಳು ಕಂಡರೆ ಎಣಿಸಿ ಬರೆದುಕೊಂಡು, ಆ ಎಲೆ ತಂದ ಗಿಡದ ಬಳಿಯೇ ಸಂಜೆಯ ತಂಪಿನಲ್ಲಿ ಬಟ್ಟೆ ಬಿಚ್ಚಬೇಕು.